ವಿಜಯಪುರ ಸೀಮೆಯ ನೆಲ-ಜಲಗಳೂ ಜನಗಣತಿಯೂ

ಜಿಲ್ಲೆಯೆಂದರೆ ರಾಜ್ಯಾಡಳಿತದ ಅನುಕೂಲಕ್ಕಾಗಿ ಎಳೆದ ಗೆರೆಗಳೊಳಗಿನ ಭೂಭಾಗವೆಂದು ಸಾಮಾನ್ಯವಾಗಿ ತಿಳಿಯಲಾಗುವದು. ಆ ಗೆರೆಗಳನ್ನು ಆಳುವವರು ಎಳೆಯುವರು, ಆಳುವವರೇ ಅಳಿಸುವರು. ಆದರೆ ಗೆರೆಗಳಿಗಿಂತ ಮೊದಲೇ ಹರಿಯುತ್ತಿದ್ದ ನದಿಗಳು, ಅವುಗಳ ತೀರದಲ್ಲಿ ನೆಲಸಿದ ಜನರು, ಆ ಜನರಿಗೆ ಅನ್ನವಿಕ್ಕಿದ ಭೂಮಿ, ಇವು ಮೂರೂ ಕೂಡಿದಲ್ಲಿಯೇ ಸೀಮೆಯೊಂದರ ಚರಿತ್ರೆಯು ಆರಂಭವಾಗುವದು. ಇಂದಿನ ವಿಜಯಪುರ ಜಿಲ್ಲೆಯೂ ಅದರಿಂದ ೧೯೯೭ರಲ್ಲಿ ಬೇರ್ಪಟ್ಟ ಬಾಗಲಕೋಟೆ ಜಿಲ್ಲೆಯೂ ಕೂಡಿ ಹಿಂದೆ ಒಂದೇ ವಿಜಾಪುರ ಜಿಲ್ಲೆಯೆನಿಸಿದ್ದವು. ಬಸವಣ್ಣನವರು ಹುಟ್ಟಿದ ಬಾಗೇವಾಡಿಯೂ, ಅವರು ಐಕ್ಯರಾದ ಕೂಡಲಸಂಗಮವೂ ಈ ಸೀಮೆಯಲ್ಲಿಯೇ ಇರುವದರಿಂದ ಭಕ್ತಜನರಿಗೆ ಇದರ ಹೆಸರು ಹೊಸದಲ್ಲ. ಯಾತ್ರೆಗಾಗಿ ಇಲ್ಲಿಗೆ ಬರುವವರು ದೇವಾಲಯಗಳನ್ನು ಕಂಡು ಹಿಂದಿರುಗುವರು. ಆ ದೇವಾಲಯಗಳ ಸುತ್ತಲಿನ ಜನವು ಎಷ್ಟು ಸಲ ಅಳಿದು ಎಷ್ಟು ಸಲ ಬೆಳೆಯಿತೆಂಬದನ್ನು ಅರಿತವರು ವಿರಳ. ಈ ಸೀಮೆಯ ಜನಸಂಖ್ಯೆಯು ನೀರಿನ ಏರಿಳಿತವನ್ನೇ ಅನುಸರಿಸಿ ಏರಿಳಿದಿದೆಯೆಂಬದನ್ನು ಇಲ್ಲಿ ನಿರೂಪಿಸಲಾಗುವದು.

ಮೊದಲು ನೆಲದ ಸ್ವರೂಪವನ್ನು ನೋಡಬೇಕು. ಸಹ್ಯಾದ್ರಿಯಲ್ಲಿ ಹುಟ್ಟಿದ ಭೀಮಾ, ಕೃಷ್ಣಾ, ಘಟಪ್ರಭಾ, ಮಲಪ್ರಭಾ ಎಂಬ ನಾಲ್ಕು ನದಿಗಳೂ, ಜತ್ತ ಸೀಮೆಯ ಕಡೆಯಿಂದ ಬರುವ ಡೋಣಿಯೂ ಸೇರಿ ಐದು ನದಿಗಳು ಈ ಪ್ರಾಂತದಲ್ಲಿ ಹರಿಯುವವು. ಉತ್ತರದಲ್ಲಿ ಭೀಮೆಯು ಸೊಲ್ಲಾಪುರ ಸೀಮೆಗೂ ಇದಕ್ಕೂ ಮೇರೆಯಾಗಿರುವದು. ನಡುವೆ ಕೃಷ್ಣೆಯು ಪಶ್ಚಿಮದಿಂದ ಪೂರ್ವಕ್ಕೆ ಹರಿದು ನಾಡನ್ನು ಎರಡಾಗಿ ಸೀಳುವಳು. ಘಟಪ್ರಭೆಯು ಚಿಕ್ಕಸಂಗಮದಲ್ಲಿಯೂ ಮಲಪ್ರಭೆಯು ಕೂಡಲಸಂಗಮದಲ್ಲಿಯೂ ಕೃಷ್ಣೆಯನ್ನು ಕೂಡಿಕೊಳ್ಳುವವು. ಡೋಣಿಯು ವಿಜಯಪುರದ ಬಯಲನ್ನು ದಾಟಿ ತಾಳಿಕೋಟೆಯ ಆಚೆಗೆ ಕೃಷ್ಣೆಯನ್ನು ಸೇರುವದು. ಡೋಣಿಯ ನೀರು ಉಪ್ಪು, ಕುಡಿಯಲು ಬಾರದು. ಆದರೂ ಅದರ ಇಕ್ಕೆಲಗಳ ಎರೆಭೂಮಿಯು ಕೈಹಿಡಿದ ವರ್ಷ ಬಿಳಿಜೋಳಕ್ಕೆ ಎಣೆಯಿಲ್ಲ. ಡೋಣಿ ಬೆಳೆದರೆ ಓಣೆಲ್ಲ ಜೋಳವೆಂಬ ಗಾದೆಯು ಈ ಕಾರಣದಿಂದಲೇ ಹುಟ್ಟಿತು.

ಕೃಷ್ಣೆಯ ಉತ್ತರಕ್ಕೆ ಕಪ್ಪು ಶಿಲೆಯ ಮೇಲೆ ಹರಡಿದ ಎರೆಮಣ್ಣಿನ ಬಯಲು. ಮರಗಳು ವಿರಳ, ದೃಷ್ಟಿ ಹರಿದಷ್ಟು ದೂರ ಹೊಲಗಳೇ. ದಕ್ಷಿಣಕ್ಕೆ ಬಂದರೆ ನೆಲದ ಬಣ್ಣವೇ ಬೇರೆ. ಬಾದಾಮಿಯ ಕೆಂಪು ಮರಳುಗಲ್ಲಿನ ಗುಡ್ಡಗಳು, ಕಲಾದಗಿಯ ಸುತ್ತಿನ ಸುಣ್ಣಗಲ್ಲು, ಇಳಕಲ್ಲಿನ ಕೆಂಪು ಕಣಶಿಲೆ, ಗುಡ್ಡದ ತಪ್ಪಲುಗಳಲ್ಲಿ ಮಸಾರಿಭೂಮಿ. ಭೂಶಾಸ್ತ್ರಜ್ಞರು ಇಲ್ಲಿಯ ಪುರಾತನ ಶಿಲಾಸ್ತರಗಳಿಗೆ ಕಲಾದಗಿಯ ಹೆಸರನ್ನೇ ಇಟ್ಟಿರುವರು. ಬಾದಾಮಿಯ ಗುಹೆಗಳನ್ನೂ ಐಹೊಳೆ ಪಟ್ಟದಕಲ್ಲುಗಳ ಗುಡಿಗಳನ್ನೂ ಕಟ್ಟಲು ಶಿಲ್ಪಿಗಳಿಗೆ ಕಲ್ಲು ದೂರದಿಂದ ತರಬೇಕಾಗಲಿಲ್ಲ. ಅದು ಕಾಲಡಿಯಲ್ಲಿಯೇ ಇದ್ದಿತು.

ಕಲ್ಲಿಗೆ ಕೊರತೆಯಿಲ್ಲದ ಈ ನಾಡಿಗೆ ಮಳೆಯದೇ ಕೊರತೆ. ಪಡುವಣ ಘಟ್ಟಗಳು ಮುಂಗಾರಿನ ಮೋಡಗಳನ್ನು ತಡೆದು ತಾವೇ ಬರಿದುಮಾಡಿಕೊಳ್ಳುವದರಿಂದ ಮಳೆಯ ನೆರಳಿನಲ್ಲಿ ಬಿದ್ದ ಈ ಬಯಲಿಗೆ ವರ್ಷಕ್ಕೆ ಸುಮಾರು ೬೦೦ ಮಿಲಿಮೀಟರಿನಷ್ಟು ಮಳೆ ಮಾತ್ರ ದೊರೆಯುವದು. ಅದು ಕೂಡ ಕಾಲಕ್ಕೆ ಸರಿಯಾಗಿ ಬರುವದೆಂಬ ಭರವಸೆಯಿಲ್ಲ. ಭಾದ್ರಪದ ಆಶ್ವಿನಗಳ ಮಳೆಯನ್ನು ನಂಬಿ ಒಕ್ಕಲಿಗನು ಹಿಂಗಾರಿ ಜೋಳ, ಕಡಲೆ, ಗೋದಿ, ಕುಸುಬೆಗಳನ್ನು ಬಿತ್ತುವನು. ಎರೆಭೂಮಿಯು ಆ ತೇವವನ್ನು ಹೀರಿಟ್ಟುಕೊಂಡು ಚಳಿಗಾಲವೆಲ್ಲ ಪೈರಿಗೆ ಉಣಿಸುವದು. ಒಂದು ಮಳೆ ಹೋದರೆ ಬೆಳೆಯು ಕುಗ್ಗುವದು, ಎರಡು ಹೋದರೆ ಬಿತ್ತಿದ ಬೀಜವೂ ಹಿಂದಕ್ಕೆ ಬರದು. ಈ ಅನಿಶ್ಚಿತತೆಯನ್ನು ಬಲ್ಲ ಹಿರಿಯರು ಸುಗ್ಗಿಯಾದ ಕೂಡಲೆ ಜೋಳವನ್ನು ನೆಲದೊಳಗೆ ತೋಡಿದ ಹಗೇವಿನಲ್ಲಿ ತುಂಬಿ, ಬಾಯಿಗೆ ಕಲ್ಲುಮಣ್ಣು ಮುಚ್ಚಿ, ಕೆಟ್ಟ ವರ್ಷಕ್ಕಾಗಿ ಕಾದಿರಿಸುತ್ತಿದ್ದರು. ಹಗೇವು ತುಂಬಿದ ಮನೆಯೇ ಈ ನಾಡಿನಲ್ಲಿ ಸಿರಿವಂತರ ಮನೆಯೆನಿಸಿತ್ತು.

ಇಂತಹ ನೆಲದಲ್ಲಿ ಆಡಳಿತದ ವಿಭಾಗಗಳು ಬಹು ಪ್ರಾಚೀನವಾದವು. ೫೪೩ರಲ್ಲಿ ಒಂದನೆಯ ಪುಲಕೇಶಿಯು ವಾತಾಪಿಯ ಗುಡ್ಡವನ್ನು ಕೋಟೆಯಾಗಿ ಮಾಡಿದನೆಂದು ಬಾದಾಮಿಯ ಶಾಸನವು ಸಾರುವದು. ೬೩೪ರಲ್ಲಿ ರವಿಕೀರ್ತಿಯು ರಚಿಸಿದ ಐಹೊಳೆಯ ಶಾಸನವು ಇಮ್ಮಡಿ ಪುಲಕೇಶಿಯ ಕೀರ್ತಿಯನ್ನು ಹೇಳುವದು. ಮುಂದಿನ ಶತಮಾನಗಳ ಶಾಸನಗಳಲ್ಲಿ ಈ ಸೀಮೆಯ ನಾಡುಗಳ ಹೆಸರುಗಳು ಅಂಕಿಗಳೊಡನೆ ಬರುವವು: ತರ್ದವಾಡಿ ಸಾಸಿರ, ಕೆಲವಾಡಿ ಮುನ್ನೂರು, ಕಿಸುಕಾಡು ಎಪ್ಪತ್ತು, ಬಾಗಡಗೆ ಎಪ್ಪತ್ತು. ಬಾಗಡಗೆಯೆಂಬದು ಇಂದಿನ ಬಾಗಲಕೋಟೆ. ಈ ಅಂಕಿಗಳು ಆಯಾ ನಾಡಿಗೆ ಸೇರಿದ ಊರುಗಳ ಎಣಿಕೆಯೆಂದು ಹಲವು ವಿದ್ವಾಂಸರು ಅಭಿಪ್ರಾಯಪಟ್ಟಿರುವರು. ಊರನ್ನು ಎಣಿಸಿ ನಾಡಿಗೆ ಹೆಸರಿಡುವ ಪದ್ಧತಿಯು ಹೀಗೆ ಸಾವಿರ ವರ್ಷಗಳ ಹಿಂದೆಯೇ ಇಲ್ಲಿ ಬಳಕೆಯಲ್ಲಿದ್ದಿತು. ಆ ಕಾಲದ ಅರಸರು ಊರುಗಳನ್ನೆಣಿಸಿ ಕರೆದರು. ಊರಿನೊಳಗಿನ ಜನವನ್ನು ತಲೆಯೆಣಿಸಿ ಬರೆದಿಟ್ಟ ಲೆಕ್ಕವು ಮಾತ್ರ ಬಹು ಕಾಲದ ಮೇಲೆ ಬಂದಿತು.

ಕಲ್ಯಾಣದ ಚಾಳುಕ್ಯರ, ಕಲಚುರಿಗಳ, ಸೇವುಣರ ಆಳಿಕೆಗಳು ಸಂದ ಮೇಲೆ ಬಹಮನಿ ಅರಸರ ಅಧಿಕಾರವು ಬಂದು, ೧೫ನೆಯ ಶತಮಾನದ ಕೊನೆಯಲ್ಲಿ ಆದಿಲಶಾಹಿ ವಂಶವು ವಿಜಾಪುರವನ್ನು ರಾಜಧಾನಿಯಾಗಿ ಮಾಡಿಕೊಂಡಿತು. ೧೫೬೫ರಲ್ಲಿ ವಿಜಯನಗರದ ಭಾಗ್ಯವನ್ನು ಮುಳುಗಿಸಿದ ಯುದ್ಧವು ನಡೆದದ್ದು ಇದೇ ಕೃಷ್ಣಾತೀರದ ರಕ್ಕಸಗಿ ತಂಗಡಗಿಗಳ ಪ್ರಾಂತದಲ್ಲಿ. ಆದಿಲಶಾಹಿಗಳ ಗೋಳಗುಮ್ಮಟವನ್ನು ಜಗತ್ತು ಕೊಂಡಾಡುವದು. ಆದರೆ ಆ ಬರಡು ಬಯಲಿನಲ್ಲಿ ಅಷ್ಟು ದೊಡ್ಡ ನಗರವನ್ನು ಬದುಕಿಸಿದ್ದು ಅವರ ಜಲಕಾರ್ಯಗಳು. ತೊರವಿಯ ಕಡೆಯಿಂದ ನೆಲದೊಳಗಿನ ಕಾಲುವೆಯಲ್ಲಿ ನೀರು ನಗರಕ್ಕೆ ಬರುತ್ತಿದ್ದಿತು. ಬೇಗಂ ತಲಾಬ, ತಾಜಬಾವಡಿ, ಚಾಂದಬಾವಡಿ, ಮಮದಾಪುರದ ಕೆರೆ ಇವುಗಳನ್ನು ಕಂಡವರಿಗೆ ಈ ನಾಡನ್ನಾಳಬೇಕಾದವನು ಮೊದಲು ನೀರನ್ನಾಳಬೇಕೆಂಬ ಸಂಗತಿಯು ತಾನಾಗಿ ಹೊಳೆಯುವದು. ೧೬೮೬ರಲ್ಲಿ ಔರಂಗಜೇಬನು ನಗರವನ್ನು ಗೆದ್ದನು. ರಾಜ್ಯದೊಡನೆ ಜಲಕಾರ್ಯಗಳ ಆರೈಕೆಯೂ ನಿಂತು, ನಗರವು ಪಾಳುಬಿದ್ದಿತು. ಆಮೇಲೆ ನಿಜಾಮರು, ಪೇಶವೆಯವರು ಒಬ್ಬರಾದ ಮೇಲೊಬ್ಬರು ಆಳಿದರು. ೧೭೯೧ರ ಸುಮಾರಿಗೆ ಬಂದ ಭೀಕರ ಬರಗಾಲದಲ್ಲಿ ಹೂಳುವವರಿಲ್ಲದೆ ಸತ್ತವರ ತಲೆಬುರುಡೆಗಳು ನೆಲದ ಮೇಲೆ ಚೆಲ್ಲಿದ್ದವಾದುದರಿಂದ ಅದು ತಲೆಬುರುಡೆಗಳ ಬರವೆಂಬ ಹೆಸರಿನಿಂದ ಜನರ ನೆನಪಿನಲ್ಲಿ ಉಳಿಯಿತು. ಸತ್ತವರೆಷ್ಟು ಮಂದಿಯೆಂಬದಕ್ಕೆ ಆಗ ಲೆಕ್ಕವಿಡುವವರು ಇದ್ದಿಲ್ಲ.

೧೮೧೮ರಲ್ಲಿ ಪೇಶವೆಯವರ ರಾಜ್ಯವು ಮುಗಿದು ಇಂಗ್ಲಿಷರ ಆಳಿಕೆಯು ಬಂದಿತು. ೧೮೬೪ರಲ್ಲಿ ಕಲಾದಗಿಯನ್ನು ಮುಖ್ಯಸ್ಥಳವನ್ನಾಗಿ ಮಾಡಿ ಹೊಸ ಜಿಲ್ಲೆಯೊಂದನ್ನು ರಚಿಸಲಾಯಿತು. ಇಂಡಿ, ಸಿಂದಗಿ, ವಿಜಾಪುರ, ಬಾಗೇವಾಡಿ, ಮುದ್ದೇಬಿಹಾಳ, ಬಾಗಲಕೋಟೆ, ಬಾದಾಮಿ, ಹುನಗುಂದ ಎಂಬ ಎಂಟು ತಾಲೂಕುಗಳು ಅದರಲ್ಲಿದ್ದವು. ಅದರ ವಿಸ್ತಾರವು ೫,೬೦೦ ಚದರ ಮೈಲಿಗಳಿಗೂ ಮಿಕ್ಕಿದ್ದಿತು. ೧೮೮೦ರ ದಶಕದಲ್ಲಿ ಮುಖ್ಯಸ್ಥಳವು ವಿಜಾಪುರಕ್ಕೆ ಹೋಯಿತು, ಜಿಲ್ಲೆಗೂ ಅದೇ ಹೆಸರಾಯಿತು.

ಜನವನ್ನು ತಲೆಯೆಣಿಸುವ ಮೊದಲ ಗಣತಿಯು ೧೮೭೨ರಲ್ಲಿ ನಡೆಯಿತು. ಆಗ ಜಿಲ್ಲೆಯ ಜನವು ಎಂಟು ಲಕ್ಷವನ್ನು ಮೀರಿದ್ದಿತು. ಅದಕ್ಕೆ ಕೆಲವೇ ವರ್ಷಗಳ ಹಿಂದೆ, ೧೮೬೧ರಿಂದ ೧೮೬೫ರ ವರೆಗೆ ನಡೆದ ಅಮೇರಿಕೆಯ ಅಂತರ್ಯುದ್ಧದ ಕಾಲದಲ್ಲಿ ಹತ್ತಿಯ ಬೆಲೆಯು ಏರಿ ಈ ಪ್ರಾಂತದ ಎರೆಹೊಲಗಳಲ್ಲಿ ಹತ್ತಿಯು ಹಬ್ಬಿದ್ದಿತು. ಬೆಲೆಯು ಇಳಿದ ಮೇಲೆ ರೈತನ ಕೈಯಲ್ಲಿ ಹಣವೂ ನಿಲ್ಲಲಿಲ್ಲ. ೧೮೭೬ರಲ್ಲಿ ಮುಂಗಾರಿ ಹಿಂಗಾರಿಗಳೆರಡೂ ಹೋದವು. ಕಾಳಿನ ಬೆಲೆಯು ಬಡವನ ಕೈಗೆಟಕದಂತಾಯಿತು. ದನಗಳು ಮೊದಲು ಬಿದ್ದವು, ಆಮೇಲೆ ಜನ. ಸರಕಾರವು ರಸ್ತೆ ಕೆರೆಗಳ ಕೆಲಸಗಳನ್ನು ತೆರೆಯಿತು. ಆದರೆ ವ್ಯಯವನ್ನು ತಗ್ಗಿಸಬೇಕೆಂಬ ಉದ್ದೇಶದಿಂದ ೧೮೭೭ರಲ್ಲಿ ಸರ್ ರಿಚರ್ಡ್ ಟೆಂಪಲ್ಲರ ಸೂಚನೆಯಂತೆ ಆಳಿನ ದಿನಗೂಲಿಯನ್ನು ಒಂದು ಪೌಂಡು ಧಾನ್ಯದ ಬೆಲೆಗೂ ಮೇಲೊಂದು ಆಣೆಗೂ ಇಳಿಸಲಾಯಿತು. ದಿನವೆಲ್ಲ ಕಲ್ಲು ಒಡೆಯುವ ದೇಹಕ್ಕೆ ಆ ಅನ್ನವು ಸಾಲದೆ ಹೋಯಿತು. ಬರದ ಬೆನ್ನಿಗೆ ಕಾಲರಾ, ಜ್ವರ ಮೊದಲಾದ ರೋಗಗಳು ಬಂದವು. ಉಳಿದವರಲ್ಲಿ ಅನೇಕರು ಊರು ಬಿಟ್ಟು ನೆರೆಯ ಸೀಮೆಗಳಿಗೆ ಗುಳೆ ಹೋದರು.

೧೮೮೧ರ ಗಣತಿಯಲ್ಲಿ ಜಿಲ್ಲೆಯ ಜನವು ಆರೂವರೆ ಲಕ್ಷಕ್ಕಿಂತಲೂ ಕೆಳಗಿಳಿದಿದ್ದಿತು. ಒಂಬತ್ತು ವರ್ಷಗಳೊಳಗೆ ಐದು ಮಂದಿಗೆ ಒಬ್ಬನಂತೆ ಲೆಕ್ಕದಿಂದ ಮಾಯವಾದನು. ಅಂಕಿಯನ್ನು ಓದುವಾಗ ಇದು ಒಂದು ವ್ಯವಕಲನವಾಗಿ ಕಾಣುವದು. ಐದು ಮಂದಿಯ ಮನೆಯಲ್ಲಿ ಒಂದು ತಾಟು ಖಾಲಿಯಾಯಿತೆಂದೂ, ನೂರು ಮನೆಗಳ ಊರಿನಲ್ಲಿ ಇಪ್ಪತ್ತು ಮನೆಗಳ ಜನ ಇಲ್ಲವಾದಂತೆಂದೂ ಭಾವಿಸಿದಾಗಲೇ ಆ ಅಂಕಿಯ ಭಾರವು ತಿಳಿಯುವದು. ಮುಂದಿನ ಹತ್ತು ವರ್ಷಗಳು ಒಳ್ಳೆಯವಾಗಿ ಬಂದುದರಿಂದ ೧೮೯೧ರಲ್ಲಿ ಜನವು ಏಳೂಮುಕ್ಕಾಲು ಲಕ್ಷವನ್ನು ದಾಟಿತು. ಅಷ್ಟರಲ್ಲಿ ೧೮೯೬ರಲ್ಲಿಯೂ ೧೮೯೯ರಲ್ಲಿಯೂ ಮತ್ತೆ ಬರ, ಅದರೊಡನೆ ಪ್ಲೇಗು. ೧೯೦೧ರ ಎಣಿಕೆಯು ೭,೩೫,೪೩೫. ಮೂವತ್ತು ವರ್ಷಗಳು ಗತಿಸಿದ ತರುವಾಯವೂ ಜಿಲ್ಲೆಯು ೧೮೭೨ರ ಜನವನ್ನು ಮುಟ್ಟಿರಲಿಲ್ಲ. ೧೯೧೮ರ ಇನ್‌ಫ್ಲೂಯೆಂಜಾ ಜ್ವರದಿಂದಾಗಿ ೧೯೨೧ರ ಗಣತಿಯಲ್ಲಿಯೂ ಜನವು ಹಿಂದಿನ ಎಣಿಕೆಗಿಂತ ಇಳಿಯಿತು. ಬೇರೆ ಸೀಮೆಗಳ ಜನಸಂಖ್ಯೆಯ ಪಟ್ಟಿಯನ್ನು ನೋಡಿದರೆ ಮೆಟ್ಟಿಲು ಏರಿದಂತೆ ತೋರುವದು. ಈ ಸೀಮೆಯದನ್ನು ನೋಡಿದರೆ ಏರುತ್ತ ಜಾರುತ್ತ ನಡೆದವನ ಹೆಜ್ಜೆಗಳಂತೆ ತೋರುವದು.

ಮಹಾಕ್ಷಾಮದಿಂದ ಕೆಲವು ಪಾಠಗಳನ್ನು ಕಲಿಯಲಾಯಿತು. ೧೮೮೦ರ ಕ್ಷಾಮ ಆಯೋಗದ ವರದಿಯ ಮೇಲೆ ಕ್ಷಾಮಪರಿಹಾರದ ನಿಯಮಾವಳಿಗಳು ರಚಿತವಾದವು. ಬಾಗಲಕೋಟೆಯ ಹತ್ತಿರದ ಮುಚಖಂಡಿಯ ಕೆರೆಯು ಆ ಕಾಲದ ಕೆಲಸವೇ. ೧೮೮೪ರ ಹೊತ್ತಿಗೆ ಹೊಟಗಿಯಿಂದ ವಿಜಾಪುರ ಬಾಗಲಕೋಟೆಗಳ ಮೇಲಿಂದ ಗದಗಿಗೆ ರೈಲುಹಾದಿಯು ಬಂದಿತು. ಬರದಲ್ಲಿ ಕಾಳು ತರಲು ಇದು ಉಪಯೋಗವಾಗಬೇಕೆಂಬ ಉದ್ದೇಶವೂ ಅದರ ಹಿಂದಿದ್ದಿತು. ೧೯೧೦ರಲ್ಲಿ ಫ. ಗು. ಹಳಕಟ್ಟಿಯವರ ಶ್ರಮದಿಂದ ವಿಜಾಪುರದಲ್ಲಿ ಲಿಂಗಾಯತ ವಿದ್ಯಾಸಂಸ್ಥೆಯು ಹುಟ್ಟಿ ಹಳ್ಳಿಯ ಮಕ್ಕಳಿಗೆ ಶಾಲೆಯ ದಾರಿಯನ್ನು ತೋರಿಸಿತು. ೧೯೩೦ರ ದಶಕದಲ್ಲಿ ವಿಜಾಪುರದಲ್ಲಿ ಒಣಬೇಸಾಯದ ಸಂಶೋಧನೆಯು ಆರಂಭವಾಗಿ, ಬದುವು ಹಾಕಿ ಮಳೆನೀರನ್ನು ಹೊಲದಲ್ಲಿಯೇ ತಡೆಯುವ ವಿಧಾನಗಳನ್ನು ಪರೀಕ್ಷಿಸಿತು. ಇಷ್ಟಾದರೂ ೧೯೪೨–೪೩ರಲ್ಲಿ ಬರವು ಮತ್ತೆ ಜಿಲ್ಲೆಯನ್ನು ಕಾಡಿತು, ೧೯೭೨ರಲ್ಲಿಯೂ ಕಾಡಿತು. ಆದರೆ ಈ ಹಿಂದಿನಂತೆ ಐವರಲ್ಲಿ ಒಬ್ಬನನ್ನು ಬಲಿ ಕೊಡುವ ಕಾಲವು ತಿರುಗಿ ಬರಲಿಲ್ಲ.

ಇಷ್ಟರಲ್ಲಿ ಗೆರೆಗಳು ಮತ್ತೆ ಬದಲಾದವು. ೧೯೪೮ರಲ್ಲಿ ಜಮಖಂಡಿ ಮುಧೋಳ ಸಂಸ್ಥಾನಗಳು ವಿಲೀನವಾಗಿ ಆ ಸೀಮೆಗಳು ಜಿಲ್ಲೆಯನ್ನು ಸೇರಿದವು. ೧೯೫೬ರ ನವಂಬರ ೧ರಂದು ಜಿಲ್ಲೆಯು ಮುಂಬಯಿ ರಾಜ್ಯವನ್ನು ಬಿಟ್ಟು ಏಕೀಕೃತವಾದ ಕನ್ನಡನಾಡನ್ನು ಕೂಡಿತು. ೧೯೯೭ರ ಆಗಸ್ಟ ೧೫ರಂದು ಕೃಷ್ಣೆಯ ದಕ್ಷಿಣದ ಸೀಮೆಯು ಬಾಗಲಕೋಟೆ ಜಿಲ್ಲೆಯೆನಿಸಿತು. ೨೦೧೪ರ ನವಂಬರ ೧ರಂದು ವಿಜಾಪುರವು ತನ್ನ ಪ್ರಾಚೀನವಾದ ವಿಜಯಪುರವೆಂಬ ನಾಮವನ್ನು ತಿರುಗಿ ಪಡೆಯಿತು.

ಈ ಕಾಲದ ಎಲ್ಲಕ್ಕಿಂತಲೂ ದೊಡ್ಡ ಬದಲಾವಣೆಯು ಕಾಗದದ ಮೇಲಲ್ಲ, ನದಿಯ ಪಾತ್ರದಲ್ಲಿ ನಡೆಯಿತು. ೧೯೬೪ರ ಮೇ ೨೨ರಂದು ಲಾಲಬಹಾದ್ದೂರ ಶಾಸ್ತ್ರಿಯವರು ಆಲಮಟ್ಟಿಯಲ್ಲಿ ಕೃಷ್ಣೆಗೆ ಅಡ್ಡಲಾಗಿ ಅಣೆಕಟ್ಟಿನ ಅಡಿಗಲ್ಲನ್ನಿಟ್ಟರು. ಅದು ಪೂರ್ಣವಾಗಿ ರಾಷ್ಟ್ರಪತಿ ಅಬ್ದುಲ್ ಕಲಾಮರಿಂದ ಲೋಕಾರ್ಪಣೆಯಾದದ್ದು ೨೦೦೬ರ ಆಗಸ್ಟ ೨೧ರಂದು. ಅಡಿಗಲ್ಲಿಗೂ ಅರ್ಪಣೆಗೂ ನಡುವೆ ನಲವತ್ತೆರಡು ವರ್ಷಗಳು ಸಂದವು. ಸರ್ವೋಚ್ಚ ನ್ಯಾಯಾಲಯವು ೨೦೦೦ದಲ್ಲಿ ಒಪ್ಪಿದ ೫೧೯.೬ ಮೀಟರ್ ಎತ್ತರದ ವರೆಗೆ ಅಲ್ಲಿ ನೀರು ನಿಲ್ಲುವದು. ಅದರ ಕೆಳಗೆ ನಾರಾಯಣಪುರದಲ್ಲಿ ಬಸವಸಾಗರವು ಇರುವದು. ಬಸವಸಾಗರದ ಹಿನ್ನೀರು ಕೂಡಲಸಂಗಮದ ವರೆಗೆ ಬರುವದರಿಂದ ಬಸವಣ್ಣನವರ ಐಕ್ಯಸ್ಥಳವನ್ನು ಬಾವಿಯಂತಹ ದೊಡ್ಡ ಸುತ್ತುಗೋಡೆಯಿಂದ ರಕ್ಷಿಸಲಾಗಿದೆ. ಭಕ್ತರು ಮೆಟ್ಟಿಲಿಳಿದು ಹೋಗಿ ಐಕ್ಯಲಿಂಗದ ದರ್ಶನವನ್ನು ಪಡೆಯುವರು. ಗೋಡೆಯಾಚೆಗೆ ನೀರು ತಲೆಗಿಂತ ಎತ್ತರದಲ್ಲಿ ನಿಂತಿರುವದು.

ಐಕ್ಯಮಂಟಪಕ್ಕೆ ಗೋಡೆಯು ಒದಗಿತು. ಎಲ್ಲ ಊರುಗಳಿಗೂ ಗೋಡೆಯು ಒದಗಲಿಲ್ಲ. ಕೃಷ್ಣಾ ಘಟಪ್ರಭಾ ಮಲಪ್ರಭೆಗಳ ದಡದ ನೂರಕ್ಕೂ ಹೆಚ್ಚು ಗ್ರಾಮಗಳು ಈ ಯೋಜನೆಗಾಗಿ ನೆಲವನ್ನು ಬಿಟ್ಟುಕೊಟ್ಟವು. ಬಾಗಲಕೋಟೆ ಪಟ್ಟಣದ ತಗ್ಗಿನ ಓಣಿಗಳು ಘಟಪ್ರಭೆಯ ಹಿನ್ನೀರಿಗೆ ಸಂದು, ಎತ್ತರದ ಬಯಲಿನಲ್ಲಿ ನವನಗರವು ಹುಟ್ಟಿತು. ಹೊಳೆಸಾಲಿನ ಕಪ್ಪು ಮಣ್ಣು, ಹಿರಿಯರ ಗದ್ದುಗೆ, ಊರ ಅಗಸಿ, ಹೊಲದೊಳಗಿನ ಸಮಾಧಿ ಇವುಗಳಿಗೆ ಪರಿಹಾರದ ಪಟ್ಟಿಯಲ್ಲಿ ಬೆಲೆ ಕಟ್ಟುವದು ಸುಲಭವಲ್ಲ. ಬರದಿಂದ ಊರು ಬಿಟ್ಟವನು ಮಳೆ ಬಂದರೆ ತಿರುಗಿ ಬರಬಹುದು. ನೀರಿಗೆ ಊರು ಕೊಟ್ಟವನು ತಿರುಗಿ ಬರಲು ಊರೇ ಉಳಿದಿಲ್ಲ. ೨೦೧೦ರಲ್ಲಿ ಎರಡನೆಯ ಕೃಷ್ಣಾ ಜಲವಿವಾದ ನ್ಯಾಯಾಧಿಕರಣವು ನೀರಿನ ಮಟ್ಟವನ್ನು ೫೨೪.೨೫೬ ಮೀಟರಿಗೆ ಏರಿಸಲು ಸಮ್ಮತಿಯನ್ನಿತ್ತಿರುವದರಿಂದ, ದಡದ ಇನ್ನೂ ಕೆಲವು ಊರುಗಳ ಮುಂದೆ ಅದೇ ಪ್ರಶ್ನೆಯು ನಿಂತಿದೆ.

ಸರಕಾರದ ಕಾರ್ಯಕ್ಕಾಗಿ ಕಾಯದೆ ಜನರು ತಾವೇ ನೀರನ್ನು ನಿಲ್ಲಿಸಿದ ಉದಾಹರಣೆಯೂ ಈ ಸೀಮೆಯಲ್ಲಿಯೇ ಇರುವದು. ೧೯೮೯ರಲ್ಲಿ ಜಮಖಂಡಿ ಸೀಮೆಯ ಕೃಷ್ಣಾತೀರದ ರೈತರು ಸಿದ್ದು ನ್ಯಾಮಗೌಡರ ಮುಂದಾಳುತನದಲ್ಲಿ ತಮ್ಮತಮ್ಮೊಳಗೆ ವಂತಿಗೆ ಕೂಡಿಸಿ, ಮೈಮುರಿದು ದುಡಿದು, ಚಿಕ್ಕಪಡಸಲಗಿಯಲ್ಲಿ ಹೊಳೆಗೆ ಒಡ್ಡನ್ನು ಕಟ್ಟಿದರು. ಅದಕ್ಕೆ ಶ್ರಮಬಿಂದುಸಾಗರವೆಂದು ಹೆಸರಾಯಿತು. ಕಾಯಕವೆಂಬ ಶಬ್ದದ ಅರ್ಥವನ್ನು ಆ ಒಡ್ಡಿನ ಮೇಲೆ ನಿಂತು ನೋಡಿದವರಿಗೆ ಬೇರೆ ವ್ಯಾಖ್ಯಾನವು ಬೇಕಾಗದು.

ನೀರು ಬಂದ ಕಡೆಗಳಲ್ಲಿ ನೆಲದ ರೂಪವು ಮಾರ್ಪಟ್ಟಿದೆ. ಮುಧೋಳ ಜಮಖಂಡಿಗಳಲ್ಲಿ ಕಬ್ಬು, ವಿಜಯಪುರದ ಸುತ್ತ ದ್ರಾಕ್ಷಿ ದಾಳಿಂಬರಗಳು, ಇಂಡಿಯಲ್ಲಿ ನಿಂಬೆ ಹಬ್ಬಿವೆ. ಏತ ನೀರಾವರಿಯಿಂದ ಹಳೆಯ ಕೆರೆಗಳನ್ನು ತುಂಬಿಸುವ ಕಾರ್ಯವೂ ೨೦೧೦ರ ದಶಕದಲ್ಲಿ ನಡೆದು ಬತ್ತಿದ ಬಾವಿಗಳಲ್ಲಿ ನೀರು ಕಾಣಿಸಿತು. ಇಳಕಲ್ಲಿನ ಸೀರೆ, ಗುಳೇದಗುಡ್ಡದ ಕಣ, ರಬಕವಿ ಬನಹಟ್ಟಿಗಳ ಮಗ್ಗಗಳು ಮಳೆಯನ್ನು ನಂಬದ ಬದುಕನ್ನು ಮೊದಲಿನಿಂದಲೂ ಕೆಲವರಿಗೆ ಕೊಟ್ಟಿವೆ. ಆದರೆ ಅಳತೆ ಮೀರಿ ನೀರು ಹಾಯಿಸಿದ ಎರೆಭೂಮಿಯು ಸವಳಾಗಿ ಬಿಳಿಚಿಕೊಳ್ಳುತ್ತಿರುವದನ್ನೂ ಕಾಣಬಹುದು. ೨೦೦೯ರಲ್ಲಿಯೂ ೨೦೧೯ರಲ್ಲಿಯೂ ಮಲಪ್ರಭೆ ಮೊದಲಾದ ನದಿಗಳು ಉಕ್ಕಿ ಬರದ ನಾಡಿನ ಮನೆಗಳೇ ನೆರೆಯಲ್ಲಿ ಬಿದ್ದವು. ನೀರಿಲ್ಲದುದು ಹೇಗೆ ಕಷ್ಟವೋ ಹಾಗೆ ಅಳತೆಯಿಲ್ಲದ ನೀರೂ ಕಷ್ಟವೆಂಬದನ್ನು ಈ ಸೀಮೆಯು ಒಂದೇ ಆಯುಷ್ಯದಲ್ಲಿ ಅನುಭವಿಸಿತು.

೨೦೧೧ರ ಗಣತಿಯಲ್ಲಿ ವಿಜಯಪುರ ಜಿಲ್ಲೆಯ ಜನಸಂಖ್ಯೆಯು ೨೧,೭೭,೩೩೧. ಬಾಗಲಕೋಟೆ ಜಿಲ್ಲೆಯದು ೧೮,೮೯,೭೫೨. ಎರಡೂ ಕೂಡಿ ನಲವತ್ತು ಲಕ್ಷವನ್ನು ಮೀರುವದು. ೧೯೦೧ರ ಏಳೂಕಾಲು ಲಕ್ಷದೊಡನೆ ಇದನ್ನು ಹೋಲಿಸುವಾಗ ಸಂಸ್ಥಾನಗಳ ಸೀಮೆಯು ಆಮೇಲೆ ಸೇರಿತೆಂಬದನ್ನು ಮರೆಯಬಾರದು. ಆದರೂ ಬೆಳವಣಿಗೆಯು ದೊಡ್ಡದೇ. ವಿಜಯಪುರ ಜಿಲ್ಲೆಯಲ್ಲಿ ನೂರಕ್ಕೆ ಸುಮಾರು ೭೭ ಮಂದಿ ಹಳ್ಳಿಗಳಲ್ಲಿಯೇ ವಾಸಿಸುತ್ತಿದ್ದರು. ಚದರ ಕಿಲೋಮೀಟರಿಗೆ ಅಲ್ಲಿ ೨೦೭ ಜನರಾದರೆ, ಮೂರು ನದಿಗಳ ಬಾಗಲಕೋಟೆಯಲ್ಲಿ ೨೮೮. ಜನವು ನೀರಿನ ಬೆನ್ನುಹತ್ತಿ ನೆಲಸುವದೆಂಬದಕ್ಕೆ ಈ ಎರಡು ಅಂಕಿಗಳೇ ಸಾಕ್ಷಿ. ಓದು ಬಲ್ಲವರು ವಿಜಯಪುರದಲ್ಲಿ ನೂರಕ್ಕೆ ೬೭, ಬಾಗಲಕೋಟೆಯಲ್ಲಿ ೬೯ರ ಹತ್ತಿರ; ಇಡೀ ರಾಜ್ಯದ ಪ್ರಮಾಣವು ೭೫. ಸ್ತ್ರೀಯರನ್ನಷ್ಟೇ ಎಣಿಸಿದರೆ ಎರಡೂ ಕಡೆಗಳಲ್ಲಿ ನೂರಕ್ಕೆ ಅರುವತ್ತನ್ನೂ ಮುಟ್ಟಿರಲಿಲ್ಲ. ಹತ್ತು ವರ್ಷಗಳ ಮೇಲೆ ೨೦೨೧ರಲ್ಲಿ ನಡೆಯಬೇಕಾಗಿದ್ದ ಗಣತಿಯು ಆ ವರ್ಷ ನಡೆಯಲಿಲ್ಲ.

ಗಣತಿಯ ಪುಸ್ತಕದಲ್ಲಿ ಸಿಕ್ಕದ ಜನವೂ ಉಂಟು. ಸುಗ್ಗಿ ಮುಗಿದೊಡನೆ ತಾಂಡೆಗಳಿಂದಲೂ ಒಣಸೀಮೆಯ ಹಳ್ಳಿಗಳಿಂದಲೂ ಕುಟುಂಬಗಳು ಗೋವೆ, ಪುಣೆ, ಮುಂಬಯಿಗಳ ಕಡೆಗೆ, ಕಬ್ಬಿನ ಸೀಮೆಗಳ ಕಡೆಗೆ ಗುಳೆ ಹೋಗುವವು. ಮನೆಯಲ್ಲಿ ಮುದುಕರೂ ಬೀಗವೂ ಉಳಿಯುವವು. ಹೋದವರೊಡನೆ ಮಕ್ಕಳೂ ಹೋಗುವದರಿಂದ ಶಾಲೆಯ ಪಾಠವು ನಡುವೆ ನಿಲ್ಲುವದು. ಅಕ್ಷರಸ್ಥರ ಪ್ರಮಾಣವು ಕಡಿಮೆಯಾಗಿರುವದಕ್ಕೆ ಇದೂ ಒಂದು ಕಾರಣವೆನ್ನಬಹುದು. ೧೮೭೬ರ ಗುಳೆಯಲ್ಲಿ ಪ್ರಾಣಭಯವಿದ್ದಿತು. ಈಗಿನದರಲ್ಲಿ ಪ್ರಾಣಭಯವಿಲ್ಲ, ಆದರೆ ಅದರ ಮೂಲವಾದ ಒಣಹೊಲವು ಅದೇ.

ಹೀಗೆ ನೋಡಿದರೆ ಈ ಸೀಮೆಯ ಜನಸಂಖ್ಯೆಯ ಚರಿತ್ರೆಯಲ್ಲಿ ಮೂರು ಅವಸ್ಥೆಗಳು ಕಾಣುವವು. ಮೊದಲನೆಯದರಲ್ಲಿ ಮಳೆಯು ಜನವನ್ನು ಉಳಿಸಿತು, ಅಳಿಸಿತು. ಎರಡನೆಯದರಲ್ಲಿ ರಾಜ್ಯವು ಕೆರೆ, ರೈಲು, ಕಾಯಿದೆಗಳಿಂದ ಜನವನ್ನು ಕಾಯಲು ಕಲಿಯಿತು. ಮೂರನೆಯದರಲ್ಲಿ ನದಿಯನ್ನೇ ಕಟ್ಟಿ ನಿಲ್ಲಿಸಿದ್ದರಿಂದ ಕೆಲವರಿಗೆ ಅನ್ನ ದೊರಕಿತು, ಕೆಲವರಿಗೆ ಊರು ಹೋಯಿತು. ಕಾಲುವೆಯ ಕೊನೆಯಲ್ಲಿ ಬೆಳೆದ ಜೋಳವನ್ನು ಉಣ್ಣುವವನು ಹಿನ್ನೀರಿನಲ್ಲಿ ಮುಳುಗಿದ ಹೊಲದ ಒಡೆಯನಿಗೆ ಋಣಿ. ಆ ಋಣವು ಪರಿಹಾರದ ಹಣದಿಂದ ಮಾತ್ರ ತೀರುವಂತಹದಲ್ಲ. ನೀರನ್ನು ಅಳತೆಯರಿತು ಬಳಸಿ, ಕಾಲುವೆಯ ಕೊನೆಯ ಹೊಲದ ವರೆಗೆ ಅದನ್ನು ಮುಟ್ಟಿಸಿ, ಗುಳೆ ಹೋದವರ ಮಕ್ಕಳಿಗೆ ಊರಿನಲ್ಲಿಯೇ ಊಟ ವಸತಿ ವಿದ್ಯೆಗಳನ್ನು ಒದಗಿಸಿದರೆ ಅದರಲ್ಲಿ ಸ್ವಲ್ಪ ತೀರುವದು. ದಾಸೋಹದ ಪಂಕ್ತಿಯಲ್ಲಿ ಕೊನೆಯವನಿಗೂ ಎಡೆ ಮುಟ್ಟಿದ ಮೇಲೆಯೇ ಊಟಕ್ಕೆ ಆರಂಭವಾಗುವದನ್ನು ಬಲ್ಲ ಭಕ್ತಜನರಿಗೆ ಈ ಧರ್ಮವನ್ನು ಹೊಸದಾಗಿ ಹೇಳಬೇಕಾದುದಿಲ್ಲ. ಮುಂದಿನ ಗಣತಿಯ ಅಂಕಿಗಳು ಬಂದಾಗ ಜನವು ಎಷ್ಟು ಹೆಚ್ಚಿತೆಂಬದರೊಡನೆ, ಎಷ್ಟು ಮನೆಗಳ ಬೀಗವು ತೆರೆಯಿತೆಂಬದನ್ನೂ ಈ ಸೀಮೆಯವರು ಎಣಿಸುವಂತಾಗಲಿ.